ಪಾಂಡುವಿನ ಐದನೇ ಉಗುರು

ಆನೆ ಬಂದಿದೆ ಎಂದು ಮೊಬೈಲಿಗೆ ಮೆಸೇಜ್ ಬಂದರೆ ಬೆಳಗೋಡು ಸುತ್ತಿನ ಮನೆಗಳಲ್ಲಿ ಮೊದಲು ಆಗುವ ಕೆಲಸ ನಾಯಿ ಕಟ್ಟುವುದು. ಬಿಟ್ಟ ನಾಯಿ ಸುಮ್ಮನಿರುವುದಿಲ್ಲ. ಆನೆಯ ಹತ್ತಿರ ಹೋಗಿ ಬೊಗಳುತ್ತದೆ. ಆನೆ ತಿರುಗಿಬಿದ್ದರೆ ಸೀದಾ ಮನೆಗೆ ಓಡಿ ಬರುತ್ತದೆ, ಹಿಂದೆಯೇ ಆನೆಯೂ ಬರುತ್ತದೆ. ಹಾಗಾಗಿ ಕಾಫಿ ಕೊಯ್ಲು ಶುರುವಾದಾಗಿನಿಂದ, ಎರಡು ತಿಂಗಳು, ಚಂದ್ರಯ್ಯನ ಮನೆಯ ಪಾಂಡು ಸರಪಳಿಯಲ್ಲೇ ಇತ್ತು. ಮಲಗಲು ಒಂದು ಗೋಣಿಚೀಲ, ಓಡಾಡಲು ನಾಲ್ಕು ಮಾರು ಮೆತ್ತನೆಯ ಮಣ್ಣು.

ಕಲ್ಲು ರಸ್ತೆಯ ಮೇಲೆ ಓಡುವ ನಾಯಿಯ ಉಗುರು ತಾನಾಗಿ ಸವೆಯುತ್ತದೆ. ಕಟ್ಟಿದ ನಾಯಿಯದು ಬೆಳೆಯುತ್ತಲೇ ಹೋಗುತ್ತದೆ. ಆ ಮನೆಯವರಿಗೆ ಇದು ಕಾಣದೆ ಇರಲಿಲ್ಲ. ಆದರೆ ಪಾಂಡುವಿನ ಕಾಲು ಮುಟ್ಟಲು ಎಲ್ಲರಿಗೂ ಭಯ.

ಗುರುವಾರ ಬೆಳಿಗ್ಗೆ ಮಗಳು ಕೃತಿಕಾ ಅನ್ನದ ತಟ್ಟೆ ಇಟ್ಟಾಗ ಪಾಂಡು ಮುಂಗಾಲು ಎತ್ತಿಕೊಂಡು ಕುಂಟುತ್ತಾ ಬಂತು. ಮುಳ್ಳು ಚುಚ್ಚಿರಬೇಕೆಂದು ಹುಡುಗಿ ಕಾಲು ಹಿಡಿದಳು. ಪಾಂಡು ಗುರ್ ಎಂದು ಕಾಲು ಕಿತ್ತುಕೊಂಡಿತು. ಉಗುರು ಅವಳ ಮುಂಗೈ ಮೇಲೆ ಗೀರಿಕೊಂಡು ಹೋಯಿತು. ಮೊದಲು ಒಂದು ಬಿಳಿ ಗೆರೆ ಕಂಡಿತು. ಆಮೇಲೆ ಆ ಗೆರೆಯ ಉದ್ದಕ್ಕೂ ರಕ್ತದ ಸಣ್ಣ ಹನಿಗಳು ಎದ್ದವು.

"ಅವ್ವಾ!"

ದ್ರಾಕ್ಷಾಯಣಿ ಕಾವಲಿಯ ಮೇಲಿನ ರೊಟ್ಟಿ ಬಿಟ್ಟು ಓಡಿ ಬಂದಳು. ಮಗಳ ಕೈ ನೋಡಿದ್ದೇ ಒಳಗೆ ಓಡಿ ಅರಿಶಿನದ ಡಬ್ಬಿ ತಂದಳು. ಹುಚ್ಚುನಾಯಿ ಕಡಿತದಿಂದ ಸತ್ತವರ ಸುದ್ದಿ ಯಾರು ಕೇಳಿಲ್ಲ?

ಕೊಯ್ಲಿಗೆ ಹೊರಟಿದ್ದ ಚಂದ್ರಯ್ಯ ಬುಟ್ಟಿ ಕೆಳಗಿಟ್ಟ. "ನಾನ್ ಹೇಳಿರ್ಲಿಲ್ವಾ? ಇದು ಮನುಷ್ಯರ ಮೇಲೇ ತಿರುಗ್ಬುಡ್ತು. ಭಾನುವಾರ ಕೊಯ್ಲಿನವರನ್ನ ತರೋ ಪ್ರವೀಣನ ಜೀಪು ಆನೇಮಹಲಿಗೆ ಹೋಯ್ತದೆ. ಹೈವೇ ಪಕ್ಕ ಹೋಟ್ಲುಗಳವೆ, ಅನ್ನ ಸಿಕ್ತದೆ. ಅಲ್ಲೇ ಬಿಟ್ಟು ಬತ್ತೀನಿ."

"ಹೈವೇಲಾ? ಒಂದಿನಕ್ಕೇ ಲಾರಿ ಕೆಳಗೆ ಹೋಗ್ಬುಡ್ತದೆ ಕಣ್ರೀ."

"ನಾಳೆ ಮಗಳ ಮುಖಕ್ಕೇ ಬಾಯಿ ಹಾಕಿದ್ರೆ?"

ದ್ರಾಕ್ಷಾಯಣಿ ಪಾಂಡುವಿನ ಕಡೆ ನೋಡಿದಳು. ಏಳು ವರ್ಷದಿಂದ ಅವಳು ಕೈಯಾರೆ ಅನ್ನ ಹಾಕಿ ಸಾಕಿದ ನಾಯಿ ಅದು. ಅದನ್ನು ಕಳೆದುಕೊಳ್ಳುವ ಭಯ ಒಂದು, ಮಗಳಿಗೆ ಏನಾದರೂ ಆದೀತೆಂಬ ಭಯ ಇನ್ನೊಂದು.

ಅಷ್ಟರಲ್ಲಿ ಗೇಟಿನ ಹತ್ತಿರ ಸ್ಕೂಟಿ ನಿಂತಿತು. ಬಂದವರು ನಾಗರತ್ನಮ್ಮ, ದನಕರುಗಳ ಆರೈಕೆ ಹೇಳಿಕೊಡುವ ಊರಿನ ಪಶುಸಖಿ. ಹಸುಗಳಿಗೆ ಲಸಿಕೆ ಹಾಕುವ ದಿನ ಹೇಳಿಕೊಂಡು ಮನೆ ಮನೆ ತಿರುಗುತ್ತಿದ್ದರು. ಕೃತಿಕಾಳ ಕೈ ನೋಡಿದರು, ದ್ರಾಕ್ಷಾಯಣಿಯ ಕೈಯಲ್ಲಿದ್ದ ಅರಿಶಿನದ ಡಬ್ಬಿಯನ್ನೂ ನೋಡಿದರು.

"ಅದನ್ನ ಸಾರಿಗೆ ಹಾಕು ಮಾರಾಯ್ತಿ. ಮೊದ್ಲು ಸೋಪು ತಗಂಬಾ. ನಲ್ಲಿ ಬಿಡು."

"ಬರೀ ಗೀರು ಅಕ್ಕ, ಹಲ್ಲು ತಾಗಿಲ್ಲ."

"ರಕ್ತ ಬಂದೈತೋ ಇಲ್ವೋ? ನಾಯಿ ಕಾಲು ನೆಕ್ಕಂಡಿರ್ತದೆ, ಉಗುರಿಗೆ ಎಂಜಲು ಇರ್ತದೆ. ಹದಿನೈದು ನಿಮಿಷ ಸೋಪು ಹಾಕಿ ಹರಿಯೋ ನೀರಲ್ಲಿ ತೊಳಿ. ಆಮೇಲೆ ಸೀದಾ ಆಸ್ಪತ್ರೆ. ಚಂದ್ರಣ್ಣ, ಇದಕ್ಕೆ ಹುಚ್ಚು ರೋಗದ ಲಸಿಕೆ ಹಾಕ್ಸಿದ್ಯಲ್ಲ, ಕಾರ್ಡ್ ಎಲ್ಲೈತೆ? ಅದನ್ನೂ ತಗಂಡು ಹೋಗಿ ತೋರ್ಸು."

ಹದಿನೈದು ನಿಮಿಷ ಎಂದರೆ ಎಷ್ಟು ಉದ್ದ ಎಂಬುದು ಕೈ ತೊಳೆಯಲು ನಿಂತಾಗಲೇ ಗೊತ್ತಾಗುವುದು. ನಾಗರತ್ನಮ್ಮ ಗಡಿಯಾರ ನೋಡುತ್ತಾ ನಿಂತರು, ಒಂದು ನಿಮಿಷವನ್ನೂ ಬಿಡಲಿಲ್ಲ. ಆಮೇಲೆ ಅಪ್ಪ ಮಗಳು ಸರ್ಕಾರಿ ಆಸ್ಪತ್ರೆಗೆ ಹೋದರು. ಅಲ್ಲಿ ಮೊದಲ ಇಂಜೆಕ್ಷನ್ ಹಾಕಿ, ಮುಂದಿನವಕ್ಕೆ ತಾರೀಖು ಬರೆದುಕೊಟ್ಟರು.

ಅವರು ಹೋದ ಮೇಲೆ ನಾಗರತ್ನಮ್ಮ ಪಾಂಡುವಿನಿಂದ ಸ್ವಲ್ಪ ದೂರದಲ್ಲಿ ಕುಕ್ಕರುಗಾಲಲ್ಲಿ ಕೂತರು. ಮುಟ್ಟಲಿಲ್ಲ, ಕಣ್ಣಲ್ಲಿ ಕಣ್ಣಿಟ್ಟೂ ನೋಡಲಿಲ್ಲ. ಒಂದು ಚೂರು ರೊಟ್ಟಿ ಎಸೆದರು. ಪಾಂಡು ಮಲಗಿಕೊಂಡೇ ತಿಂದಿತು. ತಿನ್ನುವಾಗ ಕಾಲು ಚಾಚಿತು.

"ನೋಡಿಲ್ಲಿ. ನಾಲ್ಕು ಉಗುರು ನೆಲಕ್ಕೆ ತಾಗ್ತವೆ. ಐದನೇದು ಒಳಮಗ್ಗುಲಲ್ಲಿ, ಮೇಲೆ ಐತೆ. ನಮ್ಮ ಹೆಬ್ಬೆರಳು ಇದ್ದಂಗೆ. ಅದು ನೆಲ ಮುಟ್ಟೋದೇ ಇಲ್ಲ, ಸವೆಯೋದೂ ಇಲ್ಲ."

ದ್ರಾಕ್ಷಾಯಣಿ ಬಗ್ಗಿ ನೋಡಿದಳು. ಆ ಉಗುರು ಕೊಕ್ಕೆಯ ಹಾಗೆ ಪೂರ್ತಿ ಸುತ್ತು ಬಂದಿತ್ತು. ತುದಿ ತಿರುಗಿ ಚರ್ಮವನ್ನೇ ಒತ್ತುತ್ತಿತ್ತು. ಒತ್ತಿದ ಕಡೆ ಕೆಂಪಾಗಿತ್ತು.

"ಅಯ್ಯೋ ಶಿವನೇ."

"ಅದು ಹುಡುಗಿ ಮೇಲೆ ಸಿಟ್ಟಿಂದ ಗುರ್ ಅಂದಿದ್ದಲ್ಲ ಕಣೆ. ನೋವಿಂದ ಅಂದಿದ್ದು." ನಾಗರತ್ನಮ್ಮ ಮೊಬೈಲಲ್ಲಿ ಫೋಟೋ ತೆಗೆದು ಪಶು ವೈದ್ಯರಿಗೆ ಕಳಿಸಿ ಫೋನ್ ಮಾಡಿದರು. ಮಾತು ಮುಗಿಸಿ ಹೇಳಿದರು: "ಇನ್ನೂ ಒಳಗೆ ಇಳಿದಿಲ್ಲ. ಇಳಿದು ಕೀವಾಗಿದ್ರೆ ನಾವು ಮುಟ್ಟೋ ಹಂಗೇ ಇರ್ಲಿಲ್ಲ, ಆಸ್ಪತ್ರೆಗೇ ಹೋಗ್ಬೇಕಿತ್ತು. ವಾರ, ಹತ್ತು ದಿನದಾಗೆ ತೆಗೀಬೇಕು. ಮನೇಲೇ ಆಗ್ತದೆ."

"ಮನೇಲಾ?" ದ್ರಾಕ್ಷಾಯಣಿ ಎರಡು ಹೆಜ್ಜೆ ಹಿಂದೆ ಸರಿದಳು. "ಬ್ಯಾಡ ಅಕ್ಕ. ಹೋದ ವರ್ಷ ಆಗಿದ್ದು ಸಾಕು."

ಹೋದ ವರ್ಷ ಆಗಿದ್ದು ಇಷ್ಟು. ಕಾಫಿ ಗಿಡ ಸವರುವುದರಲ್ಲಿ ಚಂದ್ರಯ್ಯನದು ಪಳಗಿದ ಕೈ. ಕತ್ತರಿ ಇಟ್ಟರೆ ಒಂದೇ ಏಟು, ಒಣ ರೆಕ್ಕೆ, ಅಂದರೆ ಒಣಗಿದ ರೆಂಬೆ, ಬುಡಕ್ಕೇ ಬೀಳುತ್ತದೆ. ಗಿಡ ಎಷ್ಟು ಸವರಿದರೆ ಅಷ್ಟು ಚೆನ್ನಾಗಿ ಚಿಗುರುತ್ತದೆ ಎನ್ನುವವನು ಅವನು. ಅದೇ ಧೈರ್ಯದಲ್ಲಿ ಅದೇ ಕತ್ತರಿ ತಂದು ಪಾಂಡುವಿನ ಉಗುರಿಗೂ ಒಂದೇ ಏಟು ಹಾಕಿದ. ಪಾಂಡು ಕಿರುಚಿದ ಸದ್ದು ಪಕ್ಕದ ಎಸ್ಟೇಟಿನ ಕೂಲಿಯವರ ಲೈನ್ ಮನೆಗಳವರೆಗೆ ಕೇಳಿಸಿತು. ಜಗುಲಿ ತುಂಬ ರಕ್ತ. ಗಾಬರಿಯಲ್ಲಿ ಚಂದ್ರಯ್ಯ ತೋಟದ ಸಾಮಾನಿನ ಸ್ಟೋರಿಗೆ ಓಡಿ, ಕತ್ತರಿಸಿದ ರೆಂಬೆಗೆ ಬಳಿಯುವ ಬೋರ್ಡೋ ಡಬ್ಬಿ ತಂದ. ಮೈಲುತುತ್ತ, ಸುಣ್ಣ ಕಲಸಿದ ಆ ನೀಲಿ ಪೇಸ್ಟನ್ನು ಉಗುರಿಗೆ ಮೆತ್ತಿದ. ಗಿಡದ ಗಾಯಕ್ಕೆ ಅದೇ ಮದ್ದು ತಾನೆ? ಆದರೆ ಗಿಡ ತನ್ನ ಗಾಯ ನೆಕ್ಕುವುದಿಲ್ಲ. ಪಾಂಡು ನೆಕ್ಕಿತು. ಸಂಜೆಯಿಂದ ವಾಂತಿ ಶುರುವಾಯಿತು. ಮೂರು ದಿನ ಡ್ರಿಪ್ ಹಾಕಿಸಿದ ಮೇಲೆ ಬದುಕಿತು. ಅಂದಿನಿಂದ ಚಂದ್ರಯ್ಯ ಹತ್ತಿರ ಬಂದರೆ ಅದು ಬಾಲ ಮುದುರಿಕೊಳ್ಳುತ್ತದೆ.

"ಕತ್ತರಿಸಿದ್ದು ಅವ್ರು, ರಕ್ತ ಒರೆಸಿದ್ದು ನಾನು," ಎಂದಳು ದ್ರಾಕ್ಷಾಯಣಿ. "ಈಗ್ಲೂ ಜಗುಲಿ ಸಾರಿಸುವಾಗ ಆ ರಕ್ತಾನೇ ಕಣ್ಣಿಗೆ ಕಟ್ತದೆ."

"ಹಂಗಾದ್ರೆ ನೀನೇ ಕತ್ತರಿಸ್ಬೇಕು."

"ನಾನಾ!"

"ಮತ್ತಿನ್ಯಾರು? ಅವನನ್ನ ಕಂಡ್ರೆ ನಾಯಿ ಹೆದರ್ತದೆ. ನಿನ್ನ ಕೈ ಅಂದ್ರೆ ಅದಕ್ಕೆ ಅನ್ನದ ಕೈ."

ಆಸ್ಪತ್ರೆಯಿಂದ ವಾಪಸ್ ಬಂದ ಚಂದ್ರಯ್ಯ ಇದನ್ನು ಕೇಳಿ ನಕ್ಕುಬಿಟ್ಟ. "ಇವ್ಳಾ? ಬದನೆಕಾಯಿ ಹೆಚ್ಚುವಾಗ ಬೆರಳು ಕೊಯ್ದುಕೊಂಡು ತಲೆ ತಿರುಗಿ ಬೀಳೋಳು!"

"ನಾಯಿ ಬಿಡೋ ಮಾತು ದ್ರಾಕ್ಷಾಯಣಿ ಹೇಳಿದ್ಲು. ಒಂಬತ್ತು ದಿನ ಕೊಡು ಚಂದ್ರಣ್ಣ. ಮುಂದಿನ ವಾರದ ಶನಿವಾರದೊಳಗೆ ಉಗುರು ತೆಗೀದೆ ಇದ್ರೆ ಆಮೇಲೆ ಮಾತಾಡಾಣ. ಆದ್ರೆ ಒಂದು ತಿಳ್ಕ. ಸಾಕಿದ ನಾಯೀನ ರಸ್ತೇಲಿ ಬಿಟ್ಟು ಬರೋದು ಕಾನೂನಲ್ಲೂ ತಪ್ಪು. ಇನ್ನೊಬ್ಬರ ಮಕ್ಕಳಿಗೆ ಕಚ್ಚಲಿ ಅಂತ ಬಿಟ್ಟು ಬರೋದು ಯಾವ ಸೀಮೆ ಧರ್ಮ?"

ಚಂದ್ರಯ್ಯ ಕೊಯ್ಲಿನ ಬುಟ್ಟಿ ಎತ್ತಿಕೊಂಡ. ಹೊರಡುತ್ತಾ, "ಶನಿವಾರ ಆಗ್ಲಿಲ್ಲ ಅಂದ್ರೆ ಭಾನುವಾರ ಜೀಪಿಗೆ," ಎಂದ.

ಅವತ್ತೇ ಪಾಠ ಶುರುವಾಯಿತು. ಮೊದಲ ದಿನ ಕಾಲಿನ ಸುದ್ದಿಯೇ ಇಲ್ಲ. ಪಾಂಡುವಿನ ಹೆಗಲು ನೇವರಿಸುವುದು, ಒಂದು ಚೂರು ರೊಟ್ಟಿ ಕೊಡುವುದು. "ಬೇರೆ ಮನೇಲಿ ಒಣಮೀನು ಕೊಡಿ ಅಂತೀನಿ. ನಿಮ್ಮನೇಲಿ ಅದಾಗಲ್ಲ, ಅಕ್ಕಿ ರೊಟ್ಟಿನೇ ಸಾಕು," ಎಂದು ನಾಗರತ್ನಮ್ಮ ನಕ್ಕರು. ಮರುದಿನ ಹೆಗಲಿನಿಂದ ಮೊಣಕಾಲಿನವರೆಗೆ. ಅದರ ಮರುದಿನ ಪಾದ ಮುಟ್ಟಿದ್ದೇ ಪಾಂಡು ತುಟಿ ಮೇಲೆತ್ತಿ ಹಲ್ಲು ತೋರಿಸಿತು. ದ್ರಾಕ್ಷಾಯಣಿ ಕೈ ತೆಗೆದಳು. ಎದ್ದು ಒಳಗೆ ಹೋದಳು.

"ಇವತ್ತು ಮುಖಕ್ಕೇ ಬಾಯಿ ಹಾಕ್ತಿತ್ತು ಅಕ್ಕ," ಎಂದು ಫೋನ್ ಮಾಡಿದಳು.

"ಹಾಕ್ಲಿಲ್ವಲ್ಲ? ಹಲ್ಲು ತೋರಿಸಿದ್ದು ಬ್ಯಾಡ ಅಂತ ಹೇಳಿದ್ದು. ನೀನೂ ಕೇಳಿಸ್ಕೊಂಡು ಕೈ ತೆಗೆದೆ. ಒಳ್ಳೇದೇ ಆಯ್ತು. ಬೈಬೇಡ, ಹೊಡೀಬೇಡ. ನಾಳೆ ಮತ್ತೆ ಮೊಣಕಾಲಿಂದ ಶುರು ಮಾಡು."

ಐದನೇ ದಿನ ಪಾದ ಅವಳ ಅಂಗೈಯಲ್ಲಿ ಕೂತಿತು. ನಾಗರತ್ನಮ್ಮ ನಾಯಿಯ ಉಗುರು ತೆಗೆಯುವ ಕಟರ್ ತಂದುಕೊಟ್ಟರು. ಸಕಲೇಶಪುರದಲ್ಲಿ ಪಶು ಔಷಧಿ ಅಂಗಡಿಯಿಂದ ಮಹಿಳಾ ಸಂಘಕ್ಕೆಂದು ತಂದದ್ದು, ಹತ್ತು ಮನೆಗೆ ಒಂದೇ ಸಾಕು. ಅದನ್ನು ಡೆಟಾಲಿನಲ್ಲಿ ತೊಳೆದು ಒರೆಸಿ ತಟ್ಟೆಯ ಪಕ್ಕ ಇಟ್ಟರು. ಪಾಂಡು ಮೂಸಿತು. ಆಮೇಲೆ ನಾಲ್ಕು ದಿನ ಅದರ ಎದುರಿಗೇ ಪೊರಕೆ ಕಡ್ಡಿಯನ್ನು ಟಕ್ ಟಕ್ ಎಂದು ಕತ್ತರಿಸುವುದೇ ಕೆಲಸ. ಟಕ್ ಎಂದಾಗಲೆಲ್ಲ ಒಂದು ಚೂರು ರೊಟ್ಟಿ. ಇದನ್ನು ನೋಡಿ ಚಂದ್ರಯ್ಯ, "ಮನೇಲಿದ್ದ ಪೊರಕೆ ಮುಗೀತು, ಉಗುರು ಹಂಗೇ ಐತೆ," ಎಂದು ಹಂಗಿಸಿದ.

ಶನಿವಾರ ಬೆಳಿಗ್ಗೆ ಬಂತು. ಬಿಸಿಲಿನಲ್ಲಿ ಗೋಣಿಚೀಲ ಹಾಸಿದರು, ಕಾಲು ಜಾರಬಾರದೆಂದು. ಕೃತಿಕಾ ಬಾಗಿಲ ಒಳಗೇ ನಿಲ್ಲಬೇಕು, ಹೊರಗೆ ಬರುವ ಹಾಗಿಲ್ಲ. ನಾಗರತ್ನಮ್ಮ ರೊಟ್ಟಿಯ ತಟ್ಟೆ ಹಿಡಿದು ಪಾಂಡುವಿನ ತಲೆಯ ಪಕ್ಕ ಕೂತರು.

"ಬಾಯಿಗೊಂದು ಹಗ್ಗ ಬಿಗಿಯಾಣ," ಎಂದ ಚಂದ್ರಯ್ಯ.

"ಹಗ್ಗ ಬಿಗಿದು ನಾಲ್ಕು ಜನ ಅದುಮಿ ಹಿಡಿಯೋವಷ್ಟು ಹೆದರೋ ನಾಯಿಗೆ ಮನೇಲಿ ಉಗುರು ತೆಗೀಬಾರ್ದು. ಅದು ಡಾಕ್ಟ್ರ ಕೆಲಸ. ನೀನು ಸುಮ್ಕಿರು."

ದ್ರಾಕ್ಷಾಯಣಿ ಕಟರ್ ಹಿಡಿದಳು. ಕೈ ನಡುಗುತ್ತಿತ್ತು. ಅಂಗೈಯಲ್ಲಿದ್ದ ಪಾಂಡುವಿನ ಕಾಲೂ ನಡುಗುತ್ತಿತ್ತು. ಯಾವ ನಡುಕ ಯಾರದು ಎಂದು ಅವಳಿಗೆ ತಿಳಿಯಲಿಲ್ಲ.

"ಉಗುರು ಪೂರ್ತಿ ಕಪ್ಪು ಅಕ್ಕ. ಎಲ್ಲಿಗೆ ನಿಲ್ಲಿಸ್ಬೇಕು ಅಂತ ಹೆಂಗೆ ಗೊತ್ತಾಗದು?"

ನಾಗರತ್ನಮ್ಮ ಚಂದ್ರಯ್ಯನ ಕಡೆ ತಿರುಗಿದರು. "ಒಣ ರೆಕ್ಕೆ ಕತ್ತರಿಸ್ತಾ ಬತ್ತೀಯಲ್ಲ, ಎಲ್ಲಿ ನಿಲ್ಲಿಸ್ತೀಯ?"

"ಹಸಿ ಸಿಗೋವರ್ಗೆ."

"ಸಿಕ್ಕಿದ್ದು ಹೆಂಗೆ ಗೊತ್ತಾಯ್ತದೆ?"

"ಕತ್ತರಿಸಿದ ಮುಖ ನೋಡಿದ್ರೆ ಗೊತ್ತಾಗಲ್ವಾ? ಒಣಗಿದ್ದು ಬೂದಿ ಬಣ್ಣ, ಜೀವ ಇದ್ದಿದ್ದು ಒದ್ದೆ."

"ಉಗುರೂ ಹಂಗೇ ಕಣಯ್ಯ. ಒಳಗೆ ರಕ್ತ ಐತೆ, ನರ ಐತೆ. ಬಿಳಿ ಉಗುರಾದ್ರೆ ಆ ಕೆಂಪು ಹೊರಗಿಂದ್ಲೇ ಕಾಣ್ತದೆ, ಅದಕ್ಕಿಂತ ಮುಂದೆ ಕತ್ತರಿಸಿದ್ರೆ ಆಯ್ತು. ಕಪ್ಪು ಉಗುರಾದ್ರೆ ಸೌತೆಕಾಯಿ ತುದಿ ಕೊಯ್ದಂಗೆ ತೆಳ್ಳಗೆ, ಚೂರು ಚೂರೇ ತೆಗೀಬೇಕು. ಒಂದೊಂದು ಸಲ ಕತ್ತರಿಸಿದಾಗ್ಲೂ ಮುಖ ನೋಡು. ಪುಡಿ ಪುಡಿ, ಒಣಕಲು ಇದ್ರೆ ಮುಂದೆ ಹೋಗು. ನಡುವೆ ಒದ್ದೆ ಥರ ಒಂದು ಕಪ್ಪು ಚುಕ್ಕಿ ಕಂಡ್ರೆ ಅಲ್ಲಿಗೇ ನಿಲ್ಸು. ಗಿಡದಾಗೆ ಹಸಿ ಸಿಗೋವರ್ಗೂ ಹೋಯ್ತೀಯ, ಇಲ್ಲಿ ಹಸಿ ಸಿಗೋಕೆ ಮುಂಚೇನೇ ನಿಲ್ಬೇಕು. ಹೋದ ವರ್ಷ ನೀನು ತಪ್ಪಿದ್ದು ಅಲ್ಲೇ."

ಚಂದ್ರಯ್ಯ ಕೆಳಗೆ ಕೂತ. ಆಮೇಲೆ ಎರಡು ಕೈಯನ್ನೂ ಬೆನ್ನ ಹಿಂದೆ ಕಟ್ಟಿಕೊಂಡು, ಕುಕ್ಕರುಗಾಲಲ್ಲಿ ಇಂಚಿಂಚೇ ಹತ್ತಿರ ಸರಿದ. ಪಾಂಡುವಿನ ಕಿವಿ ಹಿಂದಕ್ಕೆ ಹೋಯಿತು. ಅವನು ನಿಂತ. ಕಿವಿ ಸಡಿಲವಾಯಿತು. ಮತ್ತೆ ಸರಿದ.

"ಕತ್ತರಿಸು. ತುದೀಲಿ ಒಂಚೂರು. ನಾನು ನೋಡ್ತೀನಿ," ಎಂದ ಮೆಲ್ಲಗೆ.

ಟಕ್.

ಕೊಕ್ಕೆಯ ತುದಿ ಗೋಣಿಯ ಮೇಲೆ ಬಿತ್ತು. ಪಾಂಡು ಕಾಲು ಎಳೆದುಕೊಳ್ಳಲಿಲ್ಲ. ನಾಗರತ್ನಮ್ಮ ರೊಟ್ಟಿ ಕೊಟ್ಟರು.

"ಒಣ ಐತೆ. ಇನ್ನೊಂದು."

ಟಕ್.

"ಇನ್ನೂ ಒಣಾನೇ. ಈ ಸಲ ಅದರ ಅರ್ಧದಷ್ಟೇ ತಗಾ."

ಟಕ್. ಚರ್ಮವನ್ನು ಒತ್ತುತ್ತಿದ್ದ ಭಾಗ ಪೂರ್ತಿ ಹೋಯಿತು. ಕೆಳಗೆ ಒಂದು ಕೆಂಪು ಗುಳಿ ಉಳಿದಿತ್ತು.

"ನಿಲ್ಸು ನಿಲ್ಸು! ಚುಕ್ಕಿ ಕಾಣ್ತು!"

ದ್ರಾಕ್ಷಾಯಣಿ ಕಟರ್ ಕೆಳಗಿಟ್ಟಳು.  ಪಾಂಡು ಆ ಜಾಗವನ್ನು ನೆಕ್ಕಿಕೊಂಡಿತು. ಇನ್ನೊಂದು ಕಾಲಿನ ಐದನೇ ಉಗುರೂ ಹಾಗೆಯೇ ಆಯಿತು.

ಧೈರ್ಯ ಬಂತು. ಕೆಳಗಿನ ಉದ್ದ ಉಗುರೊಂದಕ್ಕೆ ಕಟರ್ ಇಟ್ಟಳು. ಅಷ್ಟರಲ್ಲಿ ಕೊಯ್ಲಿನವರನ್ನು ಇಳಿಸಲು ಬಂದ ಪ್ರವೀಣನ ಜೀಪು ಗೇಟಿನಲ್ಲಿ ಪೋಂ ಎಂದು ಹಾರನ್ ಮಾಡಿತು. ಪಾಂಡು ಬೆಚ್ಚಿ ಕಾಲು ಜಗ್ಗಿತು. ಟಕ್.

ಕೆಂಪು ಹನಿ ಗೋಣಿಯ ಮೇಲೆ ಬಿತ್ತು. ಇನ್ನೊಂದು. ಮತ್ತೊಂದು.

ದ್ರಾಕ್ಷಾಯಣಿಯ ಕಣ್ಣು ಕತ್ತಲೆಗಟ್ಟಿತು. ಬಾಗಿಲಲ್ಲಿ ಕೃತಿಕಾ ಕೂಗಿದಳು. ಚಂದ್ರಯ್ಯನ ಕಾಲು ತಾನಾಗಿ ಸ್ಟೋರಿನ ಕಡೆ ಓಡಿತು.

"ಚಂದ್ರಣ್ಣಾ! ಆ ಬೋರ್ಡೋ ಡಬ್ಬಿ ಮುಟ್ಟಿದ್ರೆ ನಿನಗೇ ನೆಕ್ಕಿಸ್ತೀನಿ ನೋಡು!"

ಅವನು ಅಲ್ಲೇ ನಿಂತ. "ಕಾಫಿ ಪುಡಿ ತರ್ಲಾ?"

"ಅದೂ ಬ್ಯಾಡ. ಕಾಫಿ ನಮಗೆ ಅನ್ನ ಕೊಡ್ತದೆ, ನಾಯಿ ಹೊಟ್ಟೆಗೆ ಅದು ವಿಷ. ಕೃತಿಕಾ, ಒಳಗೆ ಕಾರ್ನ್ ಫ್ಲೋರ್ ಐತಾ?"

"ಐತೆ ಅತ್ತೆ, ಗೋಬಿ ಮಾಡೋಕೆ ತಂದಿದ್ದು!"

"ಅಪ್ಪನ ಕೈಗೆ ಕೊಡು. ದ್ರಾಕ್ಷಾಯಣಿ, ಇಲ್ಲಿ ನೋಡು, ನನ್ನ ಮುಖ ನೋಡು. ಕಾಲು ಬಿಡ್ಬೇಡ. ಒಂದು ಚಿಟಿಕೆ ಹಿಟ್ಟು ಉಗುರಿನ ತುದಿಗೆ ಇಟ್ಟು, ಬಟ್ಟೇಲಿ ಒತ್ತಿ ಹಿಡಿ. ನಿಂತ್ಕೊಂತಾ ಅಂತ ತೆಗೆದು ತೆಗೆದು ನೋಡ್ಬೇಡ. ಐದು ನಿಮಿಷ."

ದ್ರಾಕ್ಷಾಯಣಿ ಒತ್ತಿ ಹಿಡಿದಳು. ಬೆರಳ ಕೆಳಗೆ ಬಿಸಿಯಾದ ನಾಡಿ ಬಡಿಯುತ್ತಿತ್ತು. ಅವಳ ಬಾಯಲ್ಲಿ "ಓಂ ನಮಃ ಶಿವಾಯ" ನಡೆದೇ ಇತ್ತು. ಪಾಂಡು ಅವಳ ಮುಖವನ್ನೇ ನೋಡುತ್ತಿತ್ತು. ಹಲ್ಲು ತೋರಿಸಲಿಲ್ಲ. ಚಂದ್ರಯ್ಯ ಮೊಬೈಲಿನ ಗಡಿಯಾರ ಹಿಡಿದು ನಿಮಿಷ ಹೇಳುತ್ತಿದ್ದ. 

"ನಾಲ್ಕಾಯ್ತು... ಐದಾಯ್ತು ಕಣೆ."

ಬಟ್ಟೆ ತೆಗೆದಳು. ರಕ್ತ ನಿಂತಿತ್ತು. ಒಂದು ವರ್ಷ ಅವಳನ್ನು ಹೆದರಿಸಿದ್ದು ಐದು ನಿಮಿಷಕ್ಕೆ ನಿಂತುಬಿಟ್ಟಿತ್ತು.

"ಅರ್ಧ ಗಂಟೆ ಆದ್ರೂ ನಿಲ್ದೇ ಇದ್ದಿದ್ರೆ ಆಸ್ಪತ್ರೆಗೆ ಓಡ್ಬೇಕಿತ್ತು," ಎಂದರು ನಾಗರತ್ನಮ್ಮ. "ಇವತ್ತಿಗೆ ಸಾಕು. ನಾಯಿಗೂ ಸಾಕಾಗೈತೆ, ನಿಂಗೂ ಸಾಕಾಗೈತೆ. ಉಳಿದ ಉಗುರು ದಿನಕ್ಕೊಂದು ಎರಡು ತೆಗೀರಿ. ಉದ್ದ ಬೆಳೆದ ಉಗುರಲ್ಲಿ ಒಳಗಿನ ಜೀವಾನೂ ಮುಂದಕ್ಕೆ ಬಂದಿರ್ತದೆ. ವಾರಕ್ಕೊಂಚೂರು ತುದಿ ತೆಗೀತಾ ಬಂದ್ರೆ ಅದು ಮೆಲ್ಲಗೆ ಹಿಂದಕ್ಕೆ ಸರೀತದೆ. ಹದಕ್ಕೆ ಬಂದ ಮೇಲೆ ತಿಂಗಳಿಗೊಂದು ಸಲ ನೋಡಿದ್ರೆ ಸಾಕು. ಇವತ್ತೊಂದಿನ ಕೆಸರಲ್ಲಿ ಬಿಡ್ಬೇಡಿ."

ಪ್ರವೀಣ ಜೀಪಿನಿಂದ ಇಳಿದು ಬಂದ. "ಅಣ್ಣ, ನಾಳೆ ನಾಯಿ ಹತ್ತಿಸ್ಬೇಕು ಅಂದಿದ್ರಲ್ಲ, ಎಷ್ಟೊತ್ತಿಗೆ ಬರ್ಲಿ?"

ಚಂದ್ರಯ್ಯ ಅವನನ್ನು ಮೇಲಿಂದ ಕೆಳಗೆ ನೋಡಿದ. "ನಾಯಿ ಎಲ್ಲಿಗೂ ಬರಲ್ಲ. ಇನ್ಮೇಲೆ ನಮ್ಮನೆ ಹತ್ರ ಹಾರನ್ ಹೊಡೆದ್ರೆ ನಿನ್ನನ್ನ ಆನೇಮಹಲಲ್ಲಿ ಬಿಟ್ಟು ಬತ್ತೀನಿ."

ಪಾಂಡು ಎದ್ದು ನಿಂತಿತು. ಕಾಲನ್ನು ನೆಲಕ್ಕೆ ಊರಿ ನೋಡಿತು, ತೆಗೆಯಿತು, ಮತ್ತೆ ಊರಿತು. ಎರಡು ದಿನಕ್ಕೆ ಕುಂಟುವುದು ನಿಂತಿತು. ಚಂದ್ರಯ್ಯನ ಹತ್ತಿರ ಬರಲು ಮಾತ್ರ ಇನ್ನೂ ಒಂದು ತಿಂಗಳು ಹಿಡಿಯಿತು. ದಿನಾ ಸಂಜೆ ಕತ್ತರಿ ಹಿಡಿಯದೆ ಪಕ್ಕದಲ್ಲಿ ಕೂತು ರೊಟ್ಟಿ ಕೊಟ್ಟು ಆ ತಿಂಗಳನ್ನು ಅವನೇ ದಾಟಬೇಕಾಯಿತು.

ಇದನ್ನು ಕೇಳುತ್ತಿರುವ ತಾಯಂದಿರೇ, ಅಣ್ಣಂದಿರೇ, ನಿಮ್ಮ ಮನೆಯಲ್ಲೂ ಸರಪಳಿಯಲ್ಲಿ ಒಂದು ನಾಯಿ ಇರಬಹುದು. ಈಗಲೇ ಕಾಲು ಹಿಡಿದು ಎಳೆಯಬೇಡಿ. ಅದು ತಿನ್ನುವಾಗ ಪಕ್ಕದಲ್ಲಿ ಕೂತು ಮುಂಗಾಲಿನ ಒಳಮಗ್ಗುಲು ನೋಡಿ. ಐದನೇ ಉಗುರು ಸುತ್ತಿಕೊಳ್ಳುತ್ತಿದ್ದರೆ ಇವತ್ತಿನಿಂದಲೇ ಹೆಗಲಿನಿಂದ ನೇವರಿಸುವ ಅಭ್ಯಾಸ ಶುರು ಮಾಡಿ. ಅದು ಚರ್ಮದೊಳಗೆ ಇಳಿದಿದ್ದರೆ, ಅಥವಾ ಕಾಲು ಮುಟ್ಟಿದರೆ ಕಚ್ಚಲು ಬರುವ ನಾಯಿಯಾದರೆ, ಪಶು ಆಸ್ಪತ್ರೆಗೇ ಕರೆದುಕೊಂಡು ಹೋಗಿ. ಗಿಡದ ಕತ್ತರಿ ಗಿಡಕ್ಕೇ ಇರಲಿ, ಗಿಡದ ಮದ್ದೂ ಗಿಡಕ್ಕೇ ಇರಲಿ. ನಾಯಿ ಪರಚಿ ರಕ್ತ ಬಂದರೆ, ಅದು ನಿಮ್ಮದೇ ನಾಯಿಯಾದರೂ, ಸೋಪು ನೀರಿನಲ್ಲಿ ಹದಿನೈದು ನಿಮಿಷ ತೊಳೆದು ಅವತ್ತೇ ಆಸ್ಪತ್ರೆಗೆ ಹೋಗಿ. ನಾಯಿಗೆ ವರ್ಷ ವರ್ಷ ಲಸಿಕೆ ತಪ್ಪಿಸಬೇಡಿ.

ನಿಮಗೆ ಭಯವಾಗುತ್ತದೆ, ಅದು ತಪ್ಪಲ್ಲ. ಆ ನಾಯಿಗೂ ಅಷ್ಟೇ ಭಯವಾಗುತ್ತದೆ. ಇಬ್ಬರಲ್ಲಿ ಮೊದಲು ಸಮಾಧಾನ ತಂದುಕೊಳ್ಳಬೇಕಾದವರು ನೀವು.